ನೀಲಿ ಮೇಕೆಗೆ ಮಂಜೂರಾತಿ

ಪ್ರತಿ ಅನಿಮೇಷನ್ ಚಿತ್ರದಿಂದ ಕನಿಷ್ಠ ಒಂದು ವಸ್ತುವನ್ನಾದರೂ ತೆಗೆಸದೆ ಕಲಾಮಂಡಳಿಯು ಒಪ್ಪಿಗೆ ನೀಡತಕ್ಕದ್ದಲ್ಲ ಎಂಬುದು ಮಾಸ್ಕೋದ ನಮ್ಮ ಸ್ಟುಡಿಯೋದ ನಿಯಮವಾಗಿತ್ತು. ಏನನ್ನೂ ತೆಗೆಸದ ಸದಸ್ಯರು ಸಭೆಯಲ್ಲಿ ನಿದ್ದೆ ಮಾಡಿದ್ದರೆಂದು ಮೇಲಿನವರು ಭಾವಿಸುತ್ತಿದ್ದರು. ನಡಾವಳಿ ಬರೆಯುತ್ತಿದ್ದವಳು ನಾನು.

ಚಿತ್ರದೊಳಗಿನ ಮನೆ, ಮರ, ಬೆಳಕುಗಳನ್ನೆಲ್ಲ ರೂಪಿಸುತ್ತಿದ್ದ ವಿನ್ಯಾಸಕ ಇನ್ನೊಕೆಂತಿ ಲ್ವೋವಿಚ್ ಇಪ್ಪತ್ತೆರಡು ವರ್ಷ ಈ ನಿಯಮಕ್ಕೆ ಸಹಕರಿಸಿದರು. ಪ್ರತಿ ಚಿತ್ರದ ಮೂಲೆಯಲ್ಲೂ ಒಂದು ನೀಲಿ ಮೇಕೆ ಬರೆಯುತ್ತಿದ್ದರು. ಮಂಡಳಿ ಸಿಟ್ಟಾಗಿ ಮೇಕೆಯನ್ನು ತೆಗೆಸುತ್ತಿತ್ತು, ಅವರು ಬೇಸರ ನಟಿಸುತ್ತಿದ್ದರು, ಉಳಿದದ್ದೆಲ್ಲ ಉಳಿಯುತ್ತಿತ್ತು. ಸಮುದ್ರದ ತಳದ ಚಿತ್ರದಲ್ಲೂ ಮೇಕೆಯಿತ್ತು.

ನಿವೃತ್ತಿಗೆ ಮುಂಚಿನ ಕೊನೆಯ ಚಿತ್ರಕ್ಕೆ ಅವರು ಓಕಾ ನದಿ ದಡದ ತಮ್ಮ ಹುಟ್ಟೂರನ್ನೇ ಬರೆದರು. ನಡುವೆ ತಾಯಿಯ ಮನೆ, ದೀಪ ಹಚ್ಚಿದ ಅದರ ಕಿಟಕಿ. ಆ ಕಿಟಕಿಯ ಹಳದಿ ಕೂಡಿಬರಲು ಹನ್ನೊಂದು ತಿಂಗಳು ಹಿಡಿಯಿತು. ಎಂಬತ್ತೆಂಟರ ತಾಯಿ ಅದನ್ನು ತೆರೆಯ ಮೇಲೆ ನೋಡಬೇಕೆಂಬುದೊಂದೇ ಅವರ ಆಸೆ. ಎಚ್ಚರಿಕೆಗೆಂದು ಎಂದಿಗಿಂತ ಎರಡು ಪಟ್ಟು ದೊಡ್ಡ ಮೇಕೆಯನ್ನು ನಿಲ್ಲಿಸಿದರು.

ಹೊಸ ಅಧ್ಯಕ್ಷ ಪ್ರೋಖೊರ್ ಸವೆಲ್ಯೆವಿಚ್ ಹಳೆಯ ನಡಾವಳಿಗಳನ್ನೆಲ್ಲ ಓದಿಕೊಂಡು ಬಂದಿದ್ದರು. ಅಂಥ ತಪ್ಪನ್ನು ಅದುವರೆಗೆ ಯಾವ ಅಧ್ಯಕ್ಷರೂ ಮಾಡಿರಲಿಲ್ಲ.

"ಇಪ್ಪತ್ತೆರಡು ವರ್ಷದಿಂದ ಈ ಮನುಷ್ಯ ಒಂದೇ ಒಂದು ಮೇಕೆ ಕೇಳ್ಕೊಂಡು ಬಂದಿದ್ದಾರೆ, ನಾವು ಕಲ್ಲುಮನಸ್ಸಿನೋರು ಕೊಟ್ಟಿಲ್ಲ," ಎಂದು ಅವರು ಕಣ್ಣೊರೆಸಿಕೊಂಡರು. "ಈ ಸಲ ಮೇಕೆ ಇರ್ಲಿ."

"ಮೇಕೆ ಬೇಡ ಪ್ರೋಖೊರ್ ಸವೆಲ್ಯೆವಿಚ್, ತೆಗೆದ್ಬಿಡಿ," ಎಂದರು ಇನ್ನೊಕೆಂತಿ.

"ನೋಡಿ, ಎಂಥ ವಿನಯ. ಆದ್ರೆ ನಿಯಮ ಅಂತ ಒಂದಿದೆಯಲ್ಲ, ಏನಾದ್ರೂ ತೆಗೀಲೇಬೇಕು. ಆ ಹಳದಿ ಕಿಟಕಿ ಇದ್ರೆ ಯಾರ ಕಣ್ಣೂ ಮೇಕೆ ಕಡೆ ಹೋಗಲ್ಲ."

ಕಿಟಕಿ ಸರ್ವಾನುಮತದಿಂದ ಹೋಯಿತು. ಮೇಕೆಗೆ ಬಹುಮಾನ ಬಂತು.

ಊರು ಚಿತ್ರದಲ್ಲಿದ್ದಂತೆ ಇಲ್ಲವೆಂದು ಪ್ರವಾಸಿಗಳು ದೂರು ಕೊಟ್ಟದ್ದರಿಂದ, ಹುಟ್ಟೂರಿನ ಆಡಳಿತವು ಊರನ್ನು ಸರಿಪಡಿಸುವ ನಿರ್ಣಯ ಕೈಗೊಂಡಿತು. ಮುದುಕಿಯ ಮನೆ ಮುಂದೆ ನೀಲಿ ಬಳಿದ ಮೇಕೆಯನ್ನು ಕಟ್ಟಿ, ಕಿಟಕಿಗೆ ಹಲಗೆ ಬಡಿಸಲಾಯಿತು.

ಇನ್ನೊಕೆಂತಿ ಊರಿಗೆ ಹೋದಾಗ ತಾಯಿ ಹಟ್ಟಹಗಲಲ್ಲಿ ದೀಪ ಹಚ್ಚಿಕೊಂಡು ಕೂತಿದ್ದರಂತೆ. ಬೆಳಕು ಅದೇ ಹಳದಿಯದು.

"ಮೇಕೆಗೆ ಒಂದಿಷ್ಟು ಎಲೆಕೋಸು ಹಾಕಿ ಬಾರೋ ಕೇಶಾ," ಎಂದರು ತಾಯಿ, ಮಗನ ಮುದ್ದಿನ ಹೆಸರು ಹಿಡಿದು. "ನೀನು ಹೆಸರು ಮಾಡಿದ್ದು ಅದರಿಂದ ಅಲ್ವಾ."

ಅವರು ಹೋಗಿ ಹಾಕಿ ಬಂದರು.