ನನಗೆ ಅನ್ನ ಹಾಕಿದ ‘ಬ್ಯಾಕ್’

ಲಾರಿ ಹಿಂದೆ ನಿಂತು ಕೂಗುವವನಿಗೆ ದಿನಕ್ಕೊಂದು ಫಜೀತಿ ತಪ್ಪಿದ್ದಲ್ಲ. ಮುಂದೆ ಕೂತವನಿಗೆ ಅದು ಕಾಣುವುದಿಲ್ಲ, ಅಷ್ಟೆ. ಮೂರನೇ ಕ್ಲಾಸಿಗೇ ಸ್ಲೇಟು ಬಿಸಾಕಿ ಊರೂರು ಅಲೆದವನು, ಐವತ್ತರ ದಶಕದಲ್ಲಿ ಗುಂಡ್ಲುಪೇಟೆಯ ಒಂದು ಲಾರಿಗೆ ಕ್ಲೀನರ್ ಆದೆ. ಅಲ್ಲಿ ನಾನು ಕಲಿತ ಇಂಗ್ಲಿಷ್ ಒಂದೇ ಪದ: ಬ್ಯಾಕ್.

ಗೋಡೆ

ಮೊದಲ ದಿನ ಈರುಳ್ಳಿ ಮಂಡಿಯಲ್ಲಿ ಡ್ರೈವರಣ್ಣ, “ಹಿಂದೆ ನಿಂತ್ಕೊಂಡು ಬ್ಯಾಕ್ ಬ್ಯಾಕ್ ಅಂತ ಕೂಗ್ತಿರು. ಹಿಂದಕ್ಕೆ ಅಂತ ಅರ್ಥ” ಅಂದರು.

“ಕನ್ನಡಿ ನೋಡಲ್ವಾ ಅಣ್ಣ?”

“ಅದು ಕ್ರಾಪು ಬಾಚಕೆ ಕಣ್ಲಾ.”

ಕೂಗಿದೆ. ಲಾರಿ ಮಂಡಿ ಗೋಡೆಗೆ ಗುದ್ದುವ ತನಕ ಕೂಗಿದೆ.

“ಗೋಡೆ ಕಾಣ್ಲಿಲ್ವೇನ್ಲಾ?”

“ಕಾಣ್ತು ಅಣ್ಣ. ನಿಲ್ಸಕೆ ಏನನ್ಬೇಕು ಅಂತ ನೀವು ಏಳ್ಕೊಡ್ಲಿಲ್ವಲ್ಲ.”

ಹೇಳಿಕೊಟ್ಟರು: ನಿಲ್ಲಿಸಬೇಕಾದರೆ ಹಿಂದಿನ ಹಲಗೆಗೆ ಎರಡು ಗುದ್ದು. “ಇನ್ನೊಂದ್ಸಲ ಲಾರಿಗೆ ಏಟು ಬಿದ್ರೆ ನಿನ್ನ ಬಟ್ಟೆ ಗಂಟು ರೋಡಿಗೆ!” ಅಂತಲೂ ಹೇಳಿದರು. ಎರಡು ಹೊತ್ತು ಊಟ, ದಿನಕ್ಕೊಂದು ಊರು, ಎರಡೂ ಸಿಗುವ ಕೆಲಸ ನನಗೆ ಬೇರೆಲ್ಲಿತ್ತು? ಅಷ್ಟೆಲ್ಲ ಆದರೂ ಗೋಡೆಯನ್ನು ಮಾತ್ರ ಯಾರೂ ಬೈಯಲಿಲ್ಲ.

ಬೆನ್ನು

ಚಾಮರಾಜನಗರದ ಹೋಟೆಲಿನಲ್ಲಿ ಒಬ್ಬರು ರಿಟೈರಾದ ಇಂಗ್ಲಿಷ್ ಮೇಷ್ಟ್ರು ಸಿಕ್ಕರು. “ಈ ಬ್ಯಾಕ್ ಎಲ್ಲಿಂದ ಬಂತು ಸ್ವಾಮಿ?” ಅಂದೆ. ಅವರು ಕಾಫಿ ಲೋಟ ಪಕ್ಕಕ್ಕಿಟ್ಟರು.

“ಮೊದಲು ಅದು ಬರೀ ಬೆನ್ನು ಕಣಯ್ಯ. ಬೆನ್ನಿರೋ ಕಡೆ ಹಿಂದೆ ಅಲ್ಲವೆ? ಹಾಗಾಗಿ ಹಿಂದಕ್ಕೆ ಅಂತಲೂ ಆಯ್ತು. ಹೋದವನು ತಿರುಗಿ ಬಂದರೂ ಬ್ಯಾಕ್, ಕಳಕೊಂಡದ್ದು ವಾಪಸ್ ಸಿಕ್ಕರೂ ಬ್ಯಾಕ್.”

“ಲಾರಿಗೆಲ್ಲಿದೆ ಸ್ವಾಮಿ ಬೆನ್ನು?”

“ದಿನಾ ನೀನು ಗುದ್ದುತೀಯಲ್ಲ, ಅದೇ.”

ಅರ್ಧ ಗಂಟೆ ಪಾಠ. ಸ್ಕೂಲು ಬಿಟ್ಟ ಮೇಲೆ ನಾನು ಪೂರ್ತಿ ಕೇಳಿದ ಪಾಠ ಅದೊಂದೇ. ಹೊರಗೆ ಬಂದರೆ ನಮ್ಮ ಲಾರಿ ಬೆನ್ನು ತೋರಿಸಿಕೊಂಡು ಗುಂಡ್ಲುಪೇಟೆ ದಾರಿ ಹಿಡಿದಿತ್ತು.

ಇಂಗ್ಲೀಸ್ ಎತ್ತು

ಭೀಮನಬೀಡಿನಿಂದ ಈರುಳ್ಳಿ ತರುತ್ತಿದ್ದ ಒಬ್ಬ ಯಜಮಾನರು, ನನ್ನ ಕೂಗು ಕೇಳಿ ಕೇಳಿ ತಮ್ಮ ಎತ್ತುಗಳಿಗೂ ಅದನ್ನೇ ಅಭ್ಯಾಸ ಮಾಡಿಸಿದ್ದರು. ‘ಬ್ಯಾಕ್’ ಅಂದರೆ ಗಾಡಿ ಹಿಂದೆ ಹಿಂದೆ ಸರಿದು ಮಂಡಿ ಜಗಲಿಗೆ ಸೇರುತ್ತಿತ್ತಂತೆ. “ಇಂಗ್ಲೀಸ್ ಎತ್ತು ಕಣ್ಲಾ!” ಅಂತ ಜಂಬ. ನಾನು ನಂಬಿರಲಿಲ್ಲ.

ಒಂದು ಬೆಳಿಗ್ಗೆ ಅವರು ಎತ್ತು ಕಟ್ಟಿದ ಗಾಡಿ ಹಾಗೇ ಬಿಟ್ಟು ಬೀಡಿಗೆ ಬೆಂಕಿ ಕೇಳಲು ಹೋಗಿದ್ದರು. ಗಾಡಿಯ ಹಿಂಭಾಗ ನನ್ನ ಬೆನ್ನ ಕಡೆ, ಲಾರಿಯ ಹಿಂಭಾಗ ನನ್ನೆದುರು. “ಬ್ಯಾಕ್!” ಅಂದೆ. ಲಾರಿ ಬಂತು. ಬೆನ್ನಿಗೆ ಏನೋ ತಾಗಿತು. ತಿರುಗಿದರೆ ಗಾಡಿಯೂ ಬರುತ್ತಿದೆ! ಗಾಬರಿಯಲ್ಲಿ ಬಾಯಿಗೆ ಇನ್ನೊಂದು ಪದ ಬರಲಿಲ್ಲ. “ಬ್ಯಾಕ್! ಬ್ಯಾಕ್!” ಎರಡೂ ಬಲು ವಿಧೇಯ. ಹಲಗೆಗೆ ಎರಡು ಗುದ್ದಿದೆ. ಲಾರಿ ನಿಂತಿತು, ಎತ್ತು ನಿಲ್ಲಲಿಲ್ಲ. ನಾನು ಗಾಡಿ ಕೆಳಗೆ ತೂರಿಕೊಂಡೆ. ಗಾಡಿ ಹೋಗಿ ಲಾರಿಯ ಹಲಗೆ ಸೀಳಿತು.

ಡ್ರೈವರಣ್ಣ ಇಳಿದು ಬಂದವರೇ ನನ್ನ ಗಂಟು ತೆಗೆದು ರೋಡಿಗೆ ಎಸೆದರು. ನಾನು ಓಡಿ ಬಂದ ಯಜಮಾನರನ್ನು ಹಿಡಿದುಕೊಂಡೆ: “ನಿಮ್ಮ ಎತ್ತಿಗೆ ನಿಲ್ಲೋದು ಕಲಿಸ್ಲಿಲ್ವಾ?”

ಅವರು ಬೀಡಿ ಎಳೆದು, “ಕಲಿಸ್ದೆ ಏನು? ಎಲ್ಲಾ ನಿನ್ನ ನೋಡೇ ಕಲಿಸಿದ್ದು ಕಣ್ಲಾ. ಹಿಂದಕ್ಕೆ ಬರಕೆ ಬ್ಯಾಕು, ನಿಲ್ಲಕೆ ಬೆನ್ಗೆ ಎರಡು ಗುದ್ದು. ನೀನು ಲಾರಿಗೆ ಗುದ್ಬುಟ್ಟು ನನ್ನೆತ್ತು ಯಾಕೆ ನಿಲ್ಲಿಲ್ಲ ಅಂತೀಯಲ್ಲ!” ಅಂದರು.

ಡ್ರೈವರಣ್ಣ ನಕ್ಕು ನಕ್ಕು ಅಲ್ಲೇ ಕುಕ್ಕರಿಸಿದರು. ಆಮೇಲೆ ಕಣ್ಣೊರೆಸಿಕೊಂಡು ನನ್ನ ಗಂಟನ್ನು ತಾವೇ ಎತ್ತಿ ಲಾರಿಗೆ ಹಾಕಿದರು. ಮೇಷ್ಟ್ರು ಹೇಳಿದ್ದು ಸರಿ, ಅದೂ ಬ್ಯಾಕೇ.