ಮಂಗಳವಾರವಿಲ್ಲದ ಪಂಚಾಂಗ

ನನಗೆ ಸಿಟ್ಟು ಬರುವುದಿಲ್ಲ. ಜನ ತರಿಸುತ್ತಾರೆ!

ಸಾಂಗಲಿ ಪೇಟೆಯಲ್ಲಿ ನನ್ನದು ಅರಿಷಿಣದ ಅಂಗಡಿ. ಬಾಗಿಲಿಗೆ ಗೆದ್ದಲು ಹಿಡಿದಿತ್ತೆಂದು ಹೊಸದು ಮಾಡಿಸಿದೆ. ಬಡಿಗ ಬಂದ, ಹಳೆಯ ಬಾಗಿಲು ಕಿತ್ತು ಕೆಳಗಿಟ್ಟ, ಚಹಾ ಕುಡಿದ. ಆಮೇಲೆ ಅವನಿಗೆ ನೆನಪಾಯಿತಂತೆ.

"ಮಾಲಕರ, ಇವತ್ತ ಮಂಗಳವಾರ ಐತ್ರಿ. ಹೊಸಾ ಬಾಗಲಾ ಕೂಡ್ಸಾಕ ಬರಂಗಿಲ್ರಿ."

"ಕೀಳೂವಾಗ ಮಂಗಳವಾರ ಇರಲಿಲ್ಲೇನು?"

"ಕೀಳಾಕ ನಡೀತೈತ್ರಿ!"

ಬಾಗಿಲಿಲ್ಲದ ಅಂಗಡಿಯ ಹೊಸ್ತಿಲ ಮೇಲೆ ಸಂಜೆಯವರೆಗೂ ಕುಳಿತು ಪ್ರತಿಜ್ಞೆ ಮಾಡಿದೆ: ಮಂಗಳವಾರವನ್ನೇ ರದ್ದು ಮಾಡುತ್ತೇನೆ!

ಈ ಲೋಕದಲ್ಲಿ ಅದು ನನ್ನ ಕೈಯಲ್ಲಿಲ್ಲ, ಒಪ್ಪುತ್ತೇನೆ. ಆದರೆ ಗಿರಾಕಿ ಇಲ್ಲದ ಮಧ್ಯಾಹ್ನಗಳಲ್ಲಿ ನಾನೊಂದು ಕಾದಂಬರಿ ಬರೆಯುತ್ತಿದ್ದೆ. ಅದರಲ್ಲಿ ನಿರಾಳಪುರ ಎಂಬ ಸಂಸ್ಥಾನವಿದೆ, ಅಲ್ಲಿ ನನ್ನದೇ ದರಬಾರು. ಸದರಿ ಸಂಸ್ಥಾನಕ್ಕೆ ಹೊಸ ಪಂಚಾಂಗ ಜಾರಿಗೊಳಿಸಿದೆ. ವಾರಕ್ಕೆ ಆರೇ ದಿನ: ಬೆಲ್ಲವಾರ, ಚಹಾವಾರ, ನಿದ್ದೆವಾರ, ಹೀಗೆ. ಮಂಗಳವಾರ ಗಡಿಪಾರು! ತಿಂಗಳಿಗೆ ಮೂವತ್ತು ದಿನ. ತಿಂಗಳು ಮುಗಿದ ಮೇಲೆ ಒಂದು 'ಬಿಟ್ಟ ದಿನ'. ಅದಕ್ಕೆ ಹೆಸರಿಲ್ಲ, ತಾರೀಕಿಲ್ಲ, ಹಾಳೆಯ ಮೇಲೆ ಚೌಕವೂ ಇಲ್ಲ. ಅಂದು ಪ್ರಜೆಗಳೆಲ್ಲ ಅಂಗಾತ ಮಲಗತಕ್ಕದ್ದು. ಎಂಥ ಉದಾರಿ ರಾಜ ನಾನು!

ಪಂಚಾಂಗವನ್ನು ಬರೆದರೆ ಸಾಲದು, ಬಳಸಿ ನೋಡಬೇಕು. ಅಡುಗೆಮನೆಯ ಕ್ಯಾಲೆಂಡರಿನ ಹಾಳೆ ಹರಿದು, ಅದರ ನುಣುಪಾದ ಬೆನ್ನಿನ ಮೇಲೆ ನನ್ನ ಚೌಕಗಳನ್ನು ಗೀಚಿ, ಅದೇ ಮೊಳೆಗೆ ತೂಗುಹಾಕಿದೆ. ಕಥೆ ಆಗ ನಿರಾಳಪುರದ ಒಂದು ತಿಂಗಳ ಕೊನೆಗೆ ಬಂದಿತ್ತು, ಅಲ್ಲಿಂದಲೇ ಶುರು. ದಿನಾ ಬೆಳಿಗ್ಗೆ ಒಂದು ಚೌಕಕ್ಕೆ ಒಂದು ಗೀಟು.

ಹೆಂಡತಿ ಶಾಂತಾ ಬಸುರಿ ಮಗಳ ಆರೈಕೆಗೆಂದು ಮಾಧವನಗರಕ್ಕೆ ಹೋಗಿದ್ದಳು. ಹೋಗುವಾಗಲೇ ಹೇಳಿದ್ದಳು: "ಅವ್ವನ ಕಣ್ಣಿನ ಆಪರೇಶನ್ ದಿವಸಕ್ಕ ಕ್ಯಾಲೆಂಡರ್‌ನ್ಯಾಗ ಕೆಂಪ ಗುಂಡ ಹಾಕೇನ್ರಿ. ಅವತ್ತ ಎಂಟಕ್ಕ ಮಿರಜ್ ದವಾಖಾನಿಗೆ ಕರಕೊಂಡ ಬರ್ರಿ. ನಾ ನೇರ ಅಲ್ಲಿಗೇ ಬರ್ತೀನಿ."

ನನ್ನ ಅವ್ವ ಹುಟ್ಟಲಿರುವ ಮರಿಮಗುವಿಗೆ ಹೊದಿಸಲು ಹಳೆಯ ಸೀರೆಗಳ ಕೌದಿ ಹೊಲಿಯುತ್ತಿದ್ದಳು. ಕಣ್ಣಿಗೆ ಪೊರೆ ಬಂದು ಸೂಜಿಯ ಕಣ್ಣೇ ಕಾಣದೆ, ಕೌದಿ ಅರ್ಧಕ್ಕೆ ನಿಂತಿತ್ತು.

ನಾನೇನು ಬೇಜವಾಬ್ದಾರಿ ಮನುಷ್ಯನೇ? ಹಾಳೆ ಹರಿಯುವ ಮುಂಚೆಯೇ ಎಣಿಸಿದ್ದೆ: ಆಪರೇಶನ್ ಹನ್ನೆರಡನೆಯ ದಿನ. ನನ್ನ ಪಂಚಾಂಗದಲ್ಲೂ ಹನ್ನೆರಡನೆಯ ಚೌಕದ ಸುತ್ತ ಕೆಂಪು ಗುಂಡ ಹಾಕಿದೆ. ನಡುವೆ ಬಿಟ್ಟ ದಿನ ಬಂತು. ಕಾನೂನಿನಂತೆ ಅಂಗಾತ ಮಲಗಿದೆ. ಗೀಟು ಹಾಕಲಿಲ್ಲ. ಹಾಕಲು ಚೌಕವೇ ಇರಲಿಲ್ಲ!

ಕೆಂಪು ಗುಂಡಕ್ಕೆ ಇನ್ನೂ ಒಂದು ದಿನ ಇರುವಾಗ, ಬೆಳಿಗ್ಗೆ ಒಂಬತ್ತಕ್ಕೆ ಶಾಂತಾಳ ಫೋನು.

"ಎಲ್ಲದೀರಿ?"

"ಮನ್ಯಾಗ. ಅವ್ವ ರೊಟ್ಟಿ ತಿನ್ನಾಕತ್ಯಾಳ."

"ರೊಟ್ಟಿ? ಖಾಲಿ ಹೊಟ್ಟೀಲೆ ತರಬೇಕಂತ ಡಾಕ್ಟರ್ ಹೇಳಿಲ್ಲೇನ್ರಿ? ಇಲ್ಲೆ ಅವ್ವನ ಹೆಸರ ಮೂರ ಸಲ ಕರದ್ರು!"

"ಆಪರೇಶನ್ ನಾಳೆ!" ಎಂದು ಗುಡುಗಿದೆ.

ಆದರೂ ಅವ್ವನನ್ನು ರಿಕ್ಷಾದಲ್ಲಿ ಕೂರಿಸಿಕೊಂಡು, ಸಾಕ್ಷಿಗಿರಲಿ ಎಂದು ಪಂಚಾಂಗವನ್ನೂ ಕಿತ್ತುಕೊಂಡು ಮಿರಜಕ್ಕೆ ಹೊರಟೆ. ದಾರಿಯುದ್ದಕ್ಕೂ ಡಾಕ್ಟರಿಗೆ, ದವಾಖಾನೆಗೆ, ಕೆಂಪು ಸಿಗ್ನಲ್ಲಿಗೆ ಬೈದೆ.

"ಡಾಕ್ಟರ್ ಗೇಲೇ, ಕಾಕಾ," ಎಂದಳು ನರ್ಸು. ಡಾಕ್ಟರು ಹೋಗಿಯಾಗಿತ್ತು. ಇನ್ನು ಹದಿನೈದು ದಿನ ಬಿಟ್ಟು ಬರಬೇಕಂತೆ.

ನನ್ನ ಸಿಟ್ಟು ನೆತ್ತಿಗೇರಿತು. "ನಿಮ್ಮ ತಾರೀಖಽ ತಪ್ಪೈತಿ!" ಎಂದು ಪಂಚಾಂಗವನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದೆ. "ನೋಡ್ರಿ! ಇವತ್ತ ಚಹಾವಾರ. ಆಪರೇಶನ್ ಇರೂದು ನಿದ್ದಿವಾರ!"

ಬೆಂಚಿನ ಮೇಲಿದ್ದ ಪೇಶಂಟುಗಳು ಒಂದೊಂದೇ ಕಣ್ಣಿನಿಂದ ನನ್ನನ್ನು ನೋಡಿದರು. ಶಾಂತಾ ಮಾತ್ರ ಹಾಳೆಯ ಆಚೆ ಬದಿಗೆ ನಿಂತಿದ್ದಳು.

"ಹೊಳ್ಳಿಸಿ ನೋಡ್ರಿ," ಎಂದಳು ಮೆಲ್ಲಗೆ.

ಹಾಳೆ ತಿರುಗಿಸಿದೆ. ಅವಳದೇ ಕ್ಯಾಲೆಂಡರು. ಅವಳದೇ ಕೆಂಪು ಗುಂಡ. ಒಳಗೆ ಇಂದಿನ ತಾರೀಕು! ಗೀಟು ಹಾಕದೆ ಅಂಗಾತ ಮಲಗಿದ ಆ ದಿನ ಆಗ ನೆನಪಾಯಿತು.

ಅವ್ವ ಸೆರಗಿನಿಂದ ಕಣ್ಣೊರೆಸಿಕೊಂಡು, "ಕೂಸು ನನ್ನ ಕೌದಿಗೆ ಕಾಯ್ತೈತೇನು?" ಎಂದು ಕೇಳಿದಳು. ನನಗೆ ಕೆಟ್ಟ ಸಿಟ್ಟು ಬಂತು. ಬಯ್ಯಲು ಮಾತ್ರ ಈ ಸಲ ಬೇರೆ ಯಾರೂ ಸಿಗಲಿಲ್ಲ.

ಸಂಜೆ ಶಾಂತಾ ಹೊಸ ಕ್ಯಾಲೆಂಡರು ತಂದು, ಹದಿನೈದೂ ದಿನಗಳ ಮೇಲೆ 'ಸೂಜಿ' ಎಂಬ ಒಂದೇ ಮಾತು ಬರೆದು ಮಗಳ ಮನೆಗೆ ಮರಳಿದಳು. ಅಂದರೆ, ದಿನಾ ಅಂಗಡಿಗೆ ಹೋಗುವ ಮುಂಚೆ ನಾನು ಇಪ್ಪತ್ತು ಸೂಜಿಗೆ ದಾರ ಪೋಣಿಸಿಡಬೇಕು! ಬೆರಳಿಗೆಲ್ಲ ಚುಚ್ಚಿಸಿಕೊಂಡೆ, ಸೂಜಿಗೂ ಬೈದೆ. ಅವ್ವ ಕೈಯಲ್ಲಿ ತಡವಿ ತಡವಿಯೇ ಹೊಲಿದಳು. ಪುಣ್ಯಕ್ಕೆ ಕೂಸು ಅವಸರ ಮಾಡಲಿಲ್ಲ.

ಹದಿನೈದು ದಿನಕ್ಕೆ ಆಪರೇಶನ್ ಆಯಿತು. ಕಣ್ಣಿನ ಪಟ್ಟಿ ಬಿಚ್ಚಿದ ಮೇಲೆ ಅವ್ವ ಮೊದಲು ಕೇಳಿದ್ದು ಕೌದಿಯನ್ನಲ್ಲ, ನನ್ನ ಪಂಚಾಂಗವನ್ನು. ಒಂದೊಂದೇ ಅಕ್ಷರ ಕೂಡಿಸಿ ಓದಿದಳು.

"ಇದರಾಗ ಮಂಗಳವಾರ ಎಲ್ಲೈತೋ?"

"ತಗದಬಿಟ್ಟೇನಿ ಅವ್ವಾ. ಆ ಊರಾಗ ಮಂಗಳವಾರಾನಽ ಇಲ್ಲ."

"ನೀ ಹುಟ್ಟಿದ್ದು ಮಂಗಳವಾರ." ಅವ್ವ ತಾನೇ ಸೂಜಿಗೆ ದಾರ ಪೋಣಿಸಿ, ಗಂಟು ಹಾಕಿ, ಕೌದಿ ಎಳೆದುಕೊಂಡಳು. "ಹಂಗಾರ ಆ ಊರಾಗ ನೀ ಹುಟ್ಟೇ ಇಲ್ಲ. ಅದಕ್ಕಽ ಮಂದಿ ನಿರಾಳ ಅದಾರ!"

ಸಿಟ್ಟು ಬರಬೇಕಿತ್ತು. ಆದರೆ ಹುಟ್ಟೇ ಇಲ್ಲದವನು ಸಿಟ್ಟಾಗುವುದು ಹೇಗೆ?