ಎದುರು ತಾರಸಿಗೆ ಹಾರಿದ ಪಾರಿವಾಳದ ಸನ್ನಿಧಿಗೆ

ಮಾನ್ಯರೇ,

ನಮ್ಮ ತಾರಸಿಯ ಪಾರಿವಾಳಗಳ ಮುಖಂಡರೂ, ಕೆಂಪು ಕತ್ತಿನ ಚೆಲುವರೂ, ಕೈರೋದ ಆಕಾಶವನ್ನು ಪಿತ್ರಾರ್ಜಿತ ಆಸ್ತಿಯೆಂದು ತಿಳಿದವರೂ ಆದ ತಮಗೆ ಬಯೂಮಿಯ ವಿಧವೆ ಇನ್ಶಿರಾಹ್ ಮಾಡುವ ಸಲಾಮುಗಳು. ತಮ್ಮ ಹೊಟ್ಟೆ ನೋಡಿದರೇ ಕ್ಷೇಮ ತಿಳಿಯುವುದರಿಂದ ವಿಚಾರಿಸುವುದಿಲ್ಲ.

ಗಂಡ ತೀರಿಹೋದ ಮೇಲೆ ತಮಗೆ ಕಾಳು ಹಾಕುವ ಭಾಗ್ಯ ನನ್ನ ಪಾಲಿಗೆ ಬಂದಿದೆ. ನಮ್ಮಲ್ಲಿ ವಿಧವೆ ವರ್ಷವಿಡೀ ಕಪ್ಪು ಉಡಬೇಕು. ತಾವೋ ಕಪ್ಪು ಕಂಡರೆ ಹದ್ದು ಬಂತೆಂದು ಹಾರಿಬಿಡುತ್ತೀರಿ. ತಮ್ಮ ಸೂಕ್ಷ್ಮ ಅಭಿರುಚಿಗೆ ತಲೆಬಾಗಿ, ನಮ್ಮವರ ಬಿಳಿ ನಿಲುವಂಗಿಯನ್ನು ಕಪ್ಪಿನ ಮೇಲೆ ತೊಟ್ಟು ತಾರಸಿ ಹತ್ತಿದೆ. ಒಗೆಯದೆ ಎತ್ತಿಟ್ಟಿದ್ದ ಅಂಗಿ ಅದು, ಕತ್ತಿನ ಪಟ್ಟಿಯಲ್ಲಿ ಇನ್ನೂ ಅವರ ವಾಸನೆ ಇತ್ತು. ತಾವು ಹೆಗಲ ಮೇಲೆ ಕೂತು ಅದಕ್ಕೆ ಸಲ್ಲಿಸಿದ ಕಾಣಿಕೆಗೆ ಕೃತಜ್ಞಳು. "ಅತ್ತಿಗೆ, ಕೆಳಗಿಳೀರಿ. ಗಂಡನ ಅಂಗಿ ತೊಟ್ಕೊಂಡು ಕುಣೀತಿದಾಳೆ ಅಂತ ಬೀದಿಯೆಲ್ಲ ನೋಡ್ತಿದೆ" ಎಂದು ನಾದಿನಿ ಮೆಟ್ಟಿಲಿಂದಲೇ ಬೈದಳು. ನಾನು ಕುಣಿಯುತ್ತಿರಲಿಲ್ಲ, ತಮ್ಮನ್ನು ಆಕಾಶದಿಂದ ಗೂಡಿಗೆ ಇಳಿಸಲು ಬಾವುಟ ಬೀಸುತ್ತಿದ್ದೆ.

ಇಷ್ಟಾದರೂ ತಾವು ಮೊನ್ನೆ ಎದುರು ತಾರಸಿಯ ನೆರೆಯವ ಮೆಟ್ವಲ್ಲಿಯ ಗೂಡಿಗೆ ದಯಮಾಡಿಸಿದಿರಿ. ಪಾರಿವಾಳ ಸಾಕುವವರಲ್ಲಿ ತಪ್ಪಿಸಿಕೊಂಡು ಬಂದ ಹಕ್ಕಿ ಹಿಡಿದವನ ಸೊತ್ತು. ಮೆಟ್ವಲ್ಲಿ ನಮ್ಮವನ್ನು ಹಿಡಿದ, ಇವರು ಅವನವನ್ನು ಹಿಡಿದರು. ಇಷ್ಟು ವರ್ಷಗಳಲ್ಲಿ ಒಂದನ್ನೂ ಯಾರೂ ಹಿಂದಿರುಗಿಸಿದ್ದಿಲ್ಲ. "ಲೋ ಬಯೂಮಿ, ನಿನ್ನ ರಾಣಿ ನಮ್ಮನೇಲಿ ಮೊಟ್ಟೆ ಇಡ್ತಿದಾಳೆ ಕಣೋ" ಎಂದು ಅವನು ಕೂಗಿದರೆ, ಇವರು ಊಟ ಬಿಟ್ಟು ಬೈಯಲು ಓಡುತ್ತಿದ್ದರು.

ಅದೇ ಮೆಟ್ವಲ್ಲಿ ನಿನ್ನೆ ತಮ್ಮನ್ನು ಎದೆಗವಚಿಕೊಂಡು ನಮ್ಮ ಬಾಗಿಲಿಗೆ ಬಂದ. "ತಗೋಮ್ಮ, ನಿಮ್ಮನೆ ಹಕ್ಕಿ" ಎಂದು ನೆಲ ನೋಡುತ್ತ ನಿಂತ. ಶವ ಎತ್ತಿದಾಗ, ಶಾಮಿಯಾನದಲ್ಲಿ ಕುರಾನ್ ಓದಿದಾಗ, ಬಂದವರಿಗೆಲ್ಲ ಸಾವಿನ ಮನೆಯ ಸಕ್ಕರೆಯಿಲ್ಲದ ಕಾಫಿ ಕೊಟ್ಟಾಗ ನಾನು ಗಟ್ಟಿಯಾಗಿಯೇ ಇದ್ದೆ. ಬಯೂಮಿ ಇನ್ನಿಲ್ಲವೆಂದು ನನಗೆ ಖಾತ್ರಿಯಾದದ್ದು ಆ ಬಾಗಿಲಲ್ಲಿ. ತಮ್ಮನ್ನು ಹಿಡಿದುಕೊಂಡೇ ಅತ್ತುಬಿಟ್ಟೆ.

ಆದಕಾರಣ, ತಾವು ನಾಳೆಯೇ ಮೆಟ್ವಲ್ಲಿಯ ತಾರಸಿಗೆ ಹಾರಿ, ಅವನ ಅತಿ ಮುದ್ದಿನ ಹೆಣ್ಣು ಹಕ್ಕಿಯನ್ನು ಮರುಳು ಮಾಡಿ ಇಲ್ಲಿಗೆ ಕರೆತರಬೇಕೆಂದು ವಿನಂತಿ. ನಾನು ಅದನ್ನು ಹಿಂದಿರುಗಿಸುವುದಿಲ್ಲ. ಅವನು ತಾರಸಿಯಿಂದ ಬಯೂಮಿಯ ಹೆಸರೆತ್ತಿ ಬೈಯಬೇಕು. ನಮ್ಮ ಬೀದಿಯಲ್ಲಿ ಈಗ ಎಲ್ಲರೂ ಆ ಹೆಸರನ್ನು ಮೆಲ್ಲಗೆ ಹೇಳುತ್ತಾರೆ, ನನಗೆ ಅದನ್ನು ತಡೆಯಲಾಗುತ್ತಿಲ್ಲ.

ತಮ್ಮ ವಿಶ್ವಾಸಿ,
ಇನ್ಶಿರಾಹ್

ವಿ.ಸೂ.: ಒಂಟಿಯಾಗಿ ಮರಳುವ ಯೋಚನೆಯಿದ್ದರೆ ತಮ್ಮ ಗಮನಕ್ಕೆ: ಪಾರಿವಾಳದ ಹೊಟ್ಟೆಗೆ ಗೋಧಿ ನುಚ್ಚು ತುಂಬಿ ಹುರಿಯುವುದನ್ನು ನನ್ನ ತಾಯಿ ಚೆನ್ನಾಗಿ ಕಲಿಸಿದ್ದಾರೆ. ಈ ಮನೆಯಲ್ಲಿ ಅದು ಬೇಡವೆನ್ನುತ್ತಿದ್ದವರು ಒಬ್ಬರೇ.